ದಿನಾ ಒಂದು ಗಂಟೆ ವಾಕಿಂಗ್ ಮಾಡುವ ಅಮ್ಮನಿಗೂ ಮೂಳೆ ಸಾಂದ್ರತೆ ಕಡಿಮೆ ಬಂದಿದೆ. ಈ ವಯಸ್ಸಲ್ಲಿ ಭಾರ ಎತ್ತಿಸಬಹುದಾ?

ಬೆಣ್ಣೆನಗರಿ

ಎಲ್ಲರಿಗೂ ನಮಸ್ಕಾರ. ಅಮ್ಮನಿಗೆ 63 ವರ್ಷ, ದಾವಣಗೆರೆಯಲ್ಲಿದ್ದಾರೆ. ಬಚ್ಚಲಲ್ಲಿ ಜಾರಿ ಕುಕ್ಕರಿಸಿದ್ದರು. ಪುಣ್ಯಕ್ಕೆ ಏನೂ ಮುರಿದಿರಲಿಲ್ಲ. ಯಾವುದಕ್ಕೂ ಇರಲಿ ಅಂತ ಡಾಕ್ಟರ್ ಮೂಳೆ ಸಾಂದ್ರತೆ ಅಳೆಯುವ ಡೆಕ್ಸಾ ಸ್ಕ್ಯಾನ್ ಬರೆದುಕೊಟ್ಟರು. ಬೆನ್ನುಮೂಳೆಯ ಟಿ-ಸ್ಕೋರ್ ಮೈನಸ್ 2.1, ಸೊಂಟದ್ದು ಮೈನಸ್ 1.8. ಎಡ ಮಂಡಿಯ ಎಕ್ಸ್‌ರೇಯಲ್ಲಿ ಸ್ವಲ್ಪ ಸವೆತವೂ ಇದೆಯಂತೆ. ಕ್ಯಾಲ್ಸಿಯಂ, ವಿಟಮಿನ್ ಡಿ ಕೊಟ್ಟು "ಎಕ್ಸರ್ಸೈಜ್ ಮಾಡಿ" ಅಂತ ಕಳಿಸಿದರು. ಎಂಥ ಎಕ್ಸರ್ಸೈಜ್ ಅಂತ ಕೇಳುವಷ್ಟರಲ್ಲಿ ಮುಂದಿನ ಟೋಕನ್ ಕೂಗಿ ಆಗಿತ್ತು.

ನನಗೆ ಅರ್ಥವಾಗದ ಸಂಗತಿ ಏನಂದ್ರೆ, ಅಮ್ಮ ವರ್ಷಗಟ್ಟಲೆಯಿಂದ ಬೆಳಿಗ್ಗೆ ತಪ್ಪದೆ ಒಂದು ಗಂಟೆ ನಡೆಯುತ್ತಾರೆ. ಆದರೂ ನೆಲದ ಮೇಲೆ ಕೂತರೆ ಗೋಡೆ ಹಿಡಿಯದೆ ಏಳಲಾರರು. ಮನೆಗೆ ಬಂದವರೆಲ್ಲ "ಇನ್ಮೇಲೆ ಒಂದು ಕೊಡ ನೀರೂ ಎತ್ತಿಸಬೇಡ" ಅನ್ನುತ್ತಾರೆ. ನಾನು ಓದಿದ್ದರಲ್ಲಿ ಭಾರ ಎತ್ತಬೇಕು ಅಂತಿದೆ. ಯಾರ ಮಾತು ಕೇಳಲಿ?

ಚಾಮುಂಡಿ ಮೆಟ್ಟಿಲು

ವಾಕಿಂಗ್‌ಗಿಂತ ಒಳ್ಳೇದು ಯಾವುದೂ ಇಲ್ಲ ಕಣ್ರೀ. ಆ ವಯಸ್ಸಲ್ಲಿ ಭಾರ ಗೀರ ಅಂತ ಹೋಗಿ ಬೆನ್ನು ಹಿಡ್ಕೊಂಡ್ರೆ ಯಾರು ನೋಡೋದು? ಒಂದು ಗಂಟೆ ಸಾಲದಿದ್ರೆ ಒಂದೂವರೆ ಮಾಡಿಸಿ.

ತುಂಗಾತೀರದ ಫಿಸಿಯೋ

ಶಿವಮೊಗ್ಗದಲ್ಲಿ ಫಿಸಿಯೋಥೆರಪಿಸ್ಟ್ ಆಗಿದ್ದೇನೆ. ಇಂಥ ಪ್ರಶ್ನೆ ಪ್ರತಿವಾರವೂ ಬರುತ್ತದೆ, ಹಾಗಾಗಿ ಸ್ವಲ್ಪ ಉದ್ದವಾಗಿ ಬರೆಯುತ್ತೇನೆ.

ನೀವು ಬರೆದಿದ್ದರಲ್ಲಿ ಮೂರು ಬೇರೆ ಬೇರೆ ತೊಂದರೆಗಳಿವೆ. ಟಿ-ಸ್ಕೋರ್ ಮೂಳೆಯದು, ಆರೋಗ್ಯವಂತ ಯುವ ವಯಸ್ಸಿನವರ ಮೂಳೆಗೆ ಹೋಲಿಸಿ ಕೊಡುವ ಅಂಕ. ಮೈನಸ್ 1ರಿಂದ ಮೈನಸ್ 2.5ರ ನಡುವೆ ಇದ್ದರೆ ಆಸ್ಟಿಯೋಪೀನಿಯಾ (ಮೂಳೆ ಸ್ವಲ್ಪ ತೆಳುವಾಗಿರುವುದು), ಮೈನಸ್ 2.5 ಅಥವಾ ಅದಕ್ಕೂ ಕೆಳಗಿದ್ದರೆ ಆಸ್ಟಿಯೋಪೊರೋಸಿಸ್ (ಮೂಳೆ ಟೊಳ್ಳಾಗಿರುವುದು). ಅಮ್ಮ ಇನ್ನೂ ಮೊದಲನೆಯದರಲ್ಲಿದ್ದಾರೆ. ಎಕ್ಸ್‌ರೇಯಲ್ಲಿ ಕಂಡಿದ್ದು ಕೀಲಿನ ಸವೆತ. ಗೋಡೆ ಹಿಡಿದು ಏಳುವುದು ಮಾತ್ರ ಮೂಳೆಯದೂ ಅಲ್ಲ, ಕೀಲಿನದೂ ಅಲ್ಲ. ಬಹುತೇಕ ತೊಡೆಯ ಮಾಂಸಖಂಡದ್ದು. ಅದಕ್ಕೆ ವಾಡಿಕೆಯಲ್ಲಿ ಸ್ಕ್ಯಾನ್ ಮಾಡಿಸದ ಕಾರಣ ಯಾರೂ ವಿಚಾರಿಸುವುದಿಲ್ಲ.

ಮೂವತ್ತು ದಾಟಿದ ಮೇಲೆ ಹತ್ತು ವರ್ಷಕ್ಕೆ ಸುಮಾರು ಶೇ 3ರಿಂದ 8ರಷ್ಟು ಸ್ನಾಯು ಕರಗುತ್ತದೆ, ಅರವತ್ತರ ನಂತರ ಇನ್ನೂ ಬೇಗ. ಅದರಲ್ಲೂ ಮೊದಲು ಸೊರಗುವುದು ವೇಗವಾಗಿ ಎಳೆಯಬಲ್ಲ ತಂತುಗಳು. ಎಡವಿದಾಗ ಥಟ್ಟನೆ ಇನ್ನೊಂದು ಕಾಲು ಮುಂದಿಟ್ಟು ಬೀಳದಂತೆ ತಡೆಯುವುದು ಅವೇ. ನಿಧಾನ ನಡಿಗೆಯಲ್ಲಿ ಅವಕ್ಕೆ ಕೆಲಸವೇ ಬೀಳುವುದಿಲ್ಲ. ಹಾಗಾಗಿ ದಿನಾ ನಡೆದೂ ಅವು ಸೊರಗಿರುತ್ತವೆ.

ಮೂಳೆಯ ವಿಚಾರವೂ ಹೆಚ್ಚುಕಡಿಮೆ ಹಾಗೇ. ಮೂಳೆಯೊಳಗಿನ ಜೀವಕೋಶಗಳು ತಮ್ಮ ಮೇಲೆ ಬೀಳುವ ಒತ್ತಡವನ್ನು ಗಮನಿಸುತ್ತಿರುತ್ತವೆ. ದಿನನಿತ್ಯದಷ್ಟೇ ಒತ್ತಡ ಬಿದ್ದರೆ ಇರುವಷ್ಟೇ ಸಾಕು ಅಂತ ಸುಮ್ಮನಿರುತ್ತವೆ. ವಾಡಿಕೆಗಿಂತ ಹೆಚ್ಚು, ಸ್ವಲ್ಪ ವೇಗವಾಗಿ, ಬೇರೆ ದಿಕ್ಕಿನಿಂದ ಬಿದ್ದಾಗ ಮಾತ್ರ ಹೊಸ ಮೂಳೆ ಕಟ್ಟಲು ಶುರು ಮಾಡುತ್ತವೆ. ಟೆನಿಸ್ ಆಟಗಾರರಲ್ಲಿ ರಾಕೆಟ್ ಹಿಡಿಯುವ ತೋಳಿನ ಮೂಳೆ ಇನ್ನೊಂದು ತೋಳಿನದ್ದಕ್ಕಿಂತ ದಪ್ಪವಾಗಿರುತ್ತದೆ. ಊಟ, ರಕ್ತ, ಹಾರ್ಮೋನು ಎರಡು ತೋಳಿಗೂ ಒಂದೇ. ಬಿದ್ದ ಏಟು ಮಾತ್ರ ಬೇರೆ.

ಒಂದೂವರೆ ಗಂಟೆ ನಡೆಸಿ ಅನ್ನುವವರಿಗೆ: 1984ರಲ್ಲಿ ರೂಬಿನ್ ಮತ್ತು ಲ್ಯಾನ್ಯನ್ ಹಕ್ಕಿಯ ರೆಕ್ಕೆಮೂಳೆಯ ಮೇಲೆ ಒಂದು ಪ್ರಯೋಗ ಮಾಡಿದ್ದರು. ಭಾರವೇ ಬೀಳದ ಮೂಳೆ ಸೊರಗಿತು. ದಿನಕ್ಕೆ ಬರೀ 4 ಸಲ ಒತ್ತಿದಾಗ ಸೊರಗುವುದು ನಿಂತಿತು. 36 ಸಲ ಒತ್ತಿದಾಗ ಮೂಳೆ ಬೆಳೆಯಿತು. 1800 ಸಲ ಒತ್ತಿದರೂ 36ಕ್ಕಿಂತ ಹೆಚ್ಚೇನೂ ಬೆಳೆಯಲಿಲ್ಲ. ಹೃದಯಕ್ಕೆ, ಸಕ್ಕರೆ ಕಾಯಿಲೆಗೆ, ಮನಸ್ಸಿಗೆ ವಾಕಿಂಗ್ ಬೇಕೇ ಬೇಕು, ನಿಲ್ಲಿಸಬೇಡಿ. ಮೂಳೆಗೆ ಮಾತ್ರ ಹೆಜ್ಜೆಗಳ ಲೆಕ್ಕಕ್ಕಿಂತ ಒಂದೊಂದು ಒತ್ತಡದ ತೂಕ ಮುಖ್ಯ.

ಮನೆಯಲ್ಲೇ ಒಂದು ಪರೀಕ್ಷೆ ಮಾಡಿ. ಗೋಡೆಗೆ ಒರಗಿಸಿದ ಗಟ್ಟಿ ಕುರ್ಚಿಯ ಮೇಲೆ ಅಮ್ಮನನ್ನು ಕೂರಿಸಿ, ಕೈಗಳನ್ನು ಎದೆಗೆ ಅಡ್ಡ ಕಟ್ಟಿಸಿ, ಐದು ಸಲ ಎದ್ದು ಕೂರಲು ಹೇಳಿ. ಪಕ್ಕದಲ್ಲೇ ನಿಂತಿರಿ. ಏಷ್ಯಾದವರಿಗಾಗಿ 2019ರಲ್ಲಿ ತಜ್ಞರು ಹಾಕಿದ ಗೆರೆ 12 ಸೆಕೆಂಡು. ಅಷ್ಟು ಅಥವಾ ಅದಕ್ಕಿಂತ ಹೆಚ್ಚು ಹಿಡಿದರೆ ಸ್ನಾಯುವಿನ ಕಡೆ ಗಮನ ಕೊಡಬೇಕು.

ಬೆಣ್ಣೆನಗರಿ

ಮಾಡಿಸಿದೆ ಸರ್. ಮೂರನೇ ಸಲಕ್ಕೆ ಕೈ ತಾನಾಗೇ ತೊಡೆಗೆ ಬಂತು. ಕೈ ಊರಬೇಡ ಅಂದಮೇಲೆ ಹೇಗೋ ಮುಗಿಸಿದರು, 17 ಸೆಕೆಂಡು. ಆಮೇಲೆ "ನಿಂಗೆ ಬೇರೆ ಕೆಲ್ಸ ಇಲ್ವಾ" ಅಂತ ಬೈದರು.

ಗರಡಿಮನಿ ಹುಡುಗ

ನಮ್ಮ ಕಡೆ ಇದೇನು ಹೊಸಾ ಮಾತಲ್ಲ ಬಿಡ್ರಿ. ಧಾರವಾಡ, ಬಾಗಲಕೋಟಿ ಕಡೆ ಊರಾಗ ಹನುಮಪ್ಪನ ಗುಡಿ ಮುಂದ ಸಂಗ್ರಾಣಿ ಕಲ್ಲು ಇರತಾವು. ಹಬ್ಬಕ್ಕ ಹುಡುಗ್ರು ಎತ್ತತಾರ. ನಮ್ಮಜ್ಜ ಪೈಲ್ವಾನ ಇದ್ದಾವ. ಕುಸ್ತಿ ಬಿಟ್ಟ ಮ್ಯಾಲೂ ಬೈಠಕ್ ಬಿಡಲಿಲ್ಲ. ಮುಂಜಾನೆ ಎದ್ದು ಸಾಮು ತಗದ ಮ್ಯಾಲೇ ಚಾ. ಎಂಬತ್ತರಾಗ ಸುದ್ದಾ ಪಂಕ್ತಿ ಊಟಕ್ಕ ನೆಲಕ್ಕ ಕುಂತು, ಯಾರ ಕೈ ಹಿಡೀದ ಏಳತಿದ್ದ.

ಅವನ ಜೋಡಿ ಕುಸ್ತಿ ಆಡಿದಾವ್ರು ಇನ್ನೂ ಇಬ್ಬರು ಇದ್ರು. ವಯಸ್ಸಾತು ಅಂತ ಒಮ್ಮೆಲೇ ಎಲ್ಲಾ ಬಿಟ್ಟು ಕಟ್ಟಿ ಮ್ಯಾಲೆ ಕುಂತ್ರು. ಉಣ್ಣೂದು ಮಾತ್ರ ಪೈಲ್ವಾನರಂಗ ಉಂಡ್ರು. ಮೈ ಬಂತು, ಮೊಣಕಾಲು ಹೋತು. ಅದನ್ನ ನೋಡಿ ಊರಾಗ "ಕುಸ್ತಿ ಆಡಿದ್ರ ಮೊಣಕಾಲು ಹೋಗತೈತಿ" ಅಂತ ಹೆಸರಾತು. ಕುಸ್ತಿ ಆಡಿ ಹೋತೋ, ಬಿಟ್ಟು ಹೋತೋ, ದೇವ್ರೇ ಬಲ್ಲ.

ತುಂಗಾತೀರದ ಫಿಸಿಯೋ

ಎರಡೂ ಇರಬಹುದು. ಅಖಾಡದಲ್ಲಿ ಮಂಡಿ ತಿರುಚಿ ಪೆಟ್ಟು ಬಿದ್ದಿದ್ದರೆ ಆ ಕೀಲು ಮುಂದೆ ಬೇಗ ಸವೆಯುತ್ತದೆ. ಅದರ ಮೇಲೆ ತೊಡೆಯ ಬಲ ಹೋಗಿ ತೂಕ ಏರಿದರೆ ಕೇಳಬೇಕೇ? ಮೈತೂಕ ಒಂದು ಕಿಲೋ ಇಳಿದರೆ ಪ್ರತಿ ಹೆಜ್ಜೆಯಲ್ಲಿ ಮಂಡಿಯ ಮೇಲಿನ ಭಾರ ಸುಮಾರು ನಾಲ್ಕು ಕಿಲೋ ಇಳಿಯುತ್ತದೆ ಅಂತ 2005ರಲ್ಲಿ ಅಳೆದು ತೋರಿಸಿದ್ದಾರೆ. ಏರಿದಾಗಲೂ ಲೆಕ್ಕ ಹೆಚ್ಚುಕಡಿಮೆ ಅದೇ.

ಸಂಧಿಸುಖ ತೈಲ

[ಜಾಹೀರಾತು. ನಿರ್ವಾಹಕರು ಅಳಿಸಿದ್ದಾರೆ.]

ಕಡಲ ಕಿನಾರೆ

ನಂದೊಂದು ಸಂಶಯ ಉಂಟು. ನಮ್ಮ ಅಜ್ಜಿ ಬಾವಿಯಿಂದ ನೀರು ಸೇದಿ, ಕಡೆಯುವ ಕಲ್ಲಲ್ಲಿ ಅರೆದು, ತಲೆ ಮೇಲೆ ಸೊಪ್ಪಿನ ಹೊರೆ ಹೊತ್ತು ಬದುಕಿದವರು. ಜಿಮ್ ಅಂದ್ರೆ ಎಂತ ಅಂತ ಗೊತ್ತಿರಲಿಲ್ಲ. ಹಾಗಾದ್ರೆ ಮನೆಕೆಲಸ ಸಾಕಲ್ವಾ? ಆದ್ರೆ ಪಕ್ಕದ ಮನೆ ಅಕ್ಕ ಜೀವಮಾನ ಇಡೀ ನೆಲದ ಮೇಲೆ ಕೂತು ಬೀಡಿ ಕಟ್ಟಿದವರು, ಐವತ್ತೈದಕ್ಕೇ ಗಂಟು ನೋವು ಮಾರಾಯ್ರೆ. ಅದೂ ಕೆಲಸವೇ ಅಲ್ವಾ?

ತುಂಗಾತೀರದ ಫಿಸಿಯೋ

ಒಳ್ಳೆ ಪ್ರಶ್ನೆ. ನಿಮ್ಮ ಅಜ್ಜಿಯ ದಿನದಲ್ಲಿ ಎಳೆಯುವುದು, ಎತ್ತುವುದು, ಹೊರುವುದು, ಏರುವುದು ಎಲ್ಲ ಇತ್ತು, ಹೊರೆಯೂ ನಿಜಕ್ಕೂ ಭಾರವಾಗಿತ್ತು. ಬೀಡಿ ಕಟ್ಟುವುದರಲ್ಲಿ, ಅಡಿಕೆ ಸುಲಿಯುವುದರಲ್ಲಿ ದಣಿವಿದೆ, ಆದರೆ ಮೈ ಒಂದೇ ಭಂಗಿಯಲ್ಲಿ ಗಂಟೆಗಟ್ಟಲೆ ನಿಂತುಹೋಗಿರುತ್ತದೆ. ಕೀಲಿನ ಒಳಗೆ ಮೂಳೆತುದಿಯನ್ನು ಮುಚ್ಚಿರುವ ಮೆತ್ತೆಯಾದ ಕಾರ್ಟಿಲೇಜ್‌ಗೆ ರಕ್ತನಾಳವೇ ಇಲ್ಲ. ಭಾರ ಬಿದ್ದಾಗ ಅದರೊಳಗಿನ ನೀರು ಹೊರಕ್ಕೆ, ಭಾರ ಇಳಿದಾಗ ಕೀಲುದ್ರವ ಒಳಕ್ಕೆ. ಅದಕ್ಕೆ ಆಹಾರ ತಲುಪುವುದು ಈ ಹೋಗಿಬರುವಿಕೆಯಲ್ಲೇ. ಮಡಿಚಿದ ಮಂಡಿ ಹಾಗೇ ಮಡಿಚಿಕೊಂಡಿದ್ದರೆ ಅದು ನಿಂತಂತೆ.

ಬೀಜಿಂಗ್‌ನ ಹಿರಿಯರ ಮೇಲೆ ನಡೆದ ಅಧ್ಯಯನವೊಂದು 2004ರಲ್ಲಿ ಪ್ರಕಟವಾಯಿತು. ಯೌವನದಲ್ಲಿ ದಿನಕ್ಕೆ ಗಂಟೆಗಟ್ಟಲೆ ಕುಕ್ಕುರುಗಾಲಲ್ಲಿ ಕೂರುತ್ತಿದ್ದವರಲ್ಲಿ ಮಂಡಿ ಸವೆತ ಹೆಚ್ಚಿತ್ತು. ಇದನ್ನು ಓದಿ ನೆಲದ ಮೇಲೆ ಕೂರುವುದನ್ನೇ ಬಿಟ್ಟರೆ ಕೂತು ಏಳುವ ಬಲವೂ ಹೋಗುತ್ತದೆ. ಊಟಕ್ಕೆ ಚಕ್ಕಳಮಕ್ಕಳ ಹಾಕಿ ಕೂತು ಎದ್ದರೆ ಅದು ವ್ಯಾಯಾಮ. ಅಡಿಕೆ ಸುಲಿಯಲು ಇಡೀ ಮಧ್ಯಾಹ್ನ ಕೂತರೆ ಬೇರೆ. ನಡುನಡುವೆ ಎದ್ದು ಅಂಗಳ ಸುತ್ತಿ ಬರಬೇಕು.

ಇವತ್ತಿನ ಮನೆಕೆಲಸ ಮೂಳೆಗೆ ಸಾಲದು. ಮಿಕ್ಸಿ, ನಲ್ಲಿ, ಗ್ಯಾಸ್ ಬಂದಿವೆ. ಬಂದದ್ದೇ ಒಳ್ಳೆಯದಾಯಿತು. ಹಳೆಯ ಕಾಲದ ಆ ಹೊರೆಗಳನ್ನು ಹೊತ್ತು ಸೊಂಟ ಮುರಿದುಕೊಂಡವರ ಕಥೆ ಯಾರೂ ಹೇಳುವುದಿಲ್ಲ.

ಬ್ರಿಸ್ಬೇನ್ ಕನ್ನಡತಿ

ನಮ್ಮ ಕ್ವೀನ್ಸ್‌ಲೆಂಡಿನ ಸುದ್ದಿಯೇ ಇದು, ಹೇಳದೆ ಇರಲಾರೆ. ಇಲ್ಲಿನ ಗ್ರಿಫಿತ್ ವಿಶ್ವವಿದ್ಯಾಲಯದ ಬೆಲಿಂಡಾ ಬೆಕ್ ಅವರ ತಂಡ ಲಿಫ್ಟ್‌ಮೋರ್ ಅನ್ನುವ ಅಧ್ಯಯನ ಮಾಡಿತ್ತು. ಮುಟ್ಟು ನಿಂತ, ಮೂಳೆ ಸಾಂದ್ರತೆ ಕಡಿಮೆ ಇದ್ದ 101 ಹೆಂಗಸರು, ಸರಾಸರಿ ವಯಸ್ಸು 65. ಅರ್ಧದಷ್ಟು ಜನ ಮನೆಯಲ್ಲೇ ಹಗುರ ವ್ಯಾಯಾಮ ಮಾಡಿದರು. ಉಳಿದವರು ವಾರಕ್ಕೆ ಎರಡು ಸಲ, ಅರ್ಧರ್ಧ ಗಂಟೆ, ನಿಜವಾದ ಕಬ್ಬಿಣ ಎತ್ತಿದರು: ನೆಲದಿಂದ ಭಾರ ಎತ್ತುವುದು, ಹೆಗಲ ಮೇಲೆ ಸರಳು ಇಟ್ಟು ಬೈಠಕ್, ತಲೆಯ ಮೇಲಕ್ಕೆ ತಳ್ಳುವುದು, ಜೊತೆಗೆ ತಲೆಯ ಮೇಲಿನ ಅಡ್ಡ ಸರಳನ್ನು ಹಿಡಿದು ಜಿಗಿದು ನೆಲಕ್ಕೆ ದೊಪ್ಪನೆ ಇಳಿಯುವುದು. ಒಂದೇ ಸಲ ಎತ್ತಬಹುದಾದ ಗರಿಷ್ಠ ಭಾರದ ಶೇ 85ಕ್ಕೂ ಮೇಲೆ! 8 ತಿಂಗಳಾದ ಮೇಲೆ ಭಾರ ಎತ್ತಿದವರ ಬೆನ್ನುಮೂಳೆ ಸಾಂದ್ರತೆ ಶೇ 2.9 ಏರಿತ್ತು, ಹಗುರ ವ್ಯಾಯಾಮದವರದು ಶೇ 1.2 ಇಳಿದಿತ್ತು. ಪೆಟ್ಟಾಗಿದ್ದು ಒಬ್ಬರಿಗೆ, ಅದೂ ಸಣ್ಣ ಬೆನ್ನು ಹಿಡಿತ.

ಗಮನಿಸಿ, ಇದೆಲ್ಲ ತರಬೇತುದಾರರ ಕಣ್ಣೆದುರು ನಡೆದದ್ದು. ಮೊದಲ ತಿಂಗಳು ಹಗುರ ಭಾರದಲ್ಲಿ ಬರೀ ಭಂಗಿ ಕಲಿಸಿದ್ದರು. ಇದನ್ನು ಓದಿ ನಾಳೆಯೇ ಅಮ್ಮನ ಹೆಗಲಿಗೆ ಸರಳು ಇಡಬೇಡಿ.

ನಿವೃತ್ತ ಗಣಿತ ಮೇಷ್ಟ್ರು

2.9 ಅಂದರೆ ನೂರಕ್ಕೆ ಮೂರೂ ಆಗಲಿಲ್ಲ. ಇಷ್ಟಕ್ಕೆ ಇಷ್ಟೆಲ್ಲ ಹಾರಾಟವೇ?

ತುಂಗಾತೀರದ ಫಿಸಿಯೋ

ಮೇಷ್ಟ್ರೇ, ಎಲ್ಲಿಂದ ಅಳೆಯುತ್ತೇವೆ ನೋಡಿ. ಮುಟ್ಟು ನಿಂತ ಮೊದಲ ಐದರಿಂದ ಏಳು ವರ್ಷಗಳಲ್ಲಿ ಕೆಲವರಿಗೆ ಶೇ 20ರವರೆಗೂ ಮೂಳೆ ಹೋಗುತ್ತದೆ. ಹೀಗೆ ಇಳಿಯುವ ದಾರಿಯಲ್ಲಿ ಒಂದು ಗುಂಪು ಏರಿತು, ಇನ್ನೊಂದು ಇಳಿಯಿತು, 8 ತಿಂಗಳಿಗೇ ನಡುವೆ ಶೇ 4ರಷ್ಟು ಅಂತರ.

ಆದರೂ ನಿಮ್ಮ ಅನುಮಾನದಲ್ಲಿ ಹುರುಳಿದೆ. ನನ್ನನ್ನು ಕೇಳಿದರೆ ದೊಡ್ಡ ಲಾಭ ಸ್ಕ್ಯಾನಿನಲ್ಲಿ ಕಾಣುವುದೇ ಇಲ್ಲ. ಸೊಂಟ ಮುರಿಯುವುದು ಹೆಚ್ಚಾಗಿ ಬಿದ್ದಾಗ. ಬೀಳದೇ ಇದ್ದರೆ ಟೊಳ್ಳು ಮೂಳೆಯೂ ಬಹಳ ಕಾಲ ಬಾಳುತ್ತದೆ. ನ್ಯೂಜಿಲೆಂಡಿನಲ್ಲಿ ರೂಪಿಸಿದ ಒಟಾಗೊ ಅನ್ನುವ ವ್ಯಾಯಾಮಕ್ರಮದಲ್ಲಿ ಕಣಕಾಲಿಗೆ ಭಾರದ ಪಟ್ಟಿ ಕಟ್ಟಿ ಕಾಲು ಎತ್ತುವುದು, ಒಂಟಿ ಕಾಲಲ್ಲಿ ನಿಲ್ಲುವುದು, ಹಿಮ್ಮುಖವಾಗಿ ನಡೆಯುವುದು ಇಷ್ಟೇ ಇರುವುದು. ಅದನ್ನು ಮಾಡಿದ ಹಿರಿಯರಲ್ಲಿ ಬೀಳುವುದು ಮೂರನೇ ಒಂದು ಭಾಗದಷ್ಟು ಕಡಿಮೆಯಾಯಿತು.

ಇನ್ನು ಬಲದ ಮಾತು. 1990ರಲ್ಲಿ ಬಾಸ್ಟನ್‌ನ ವೃದ್ಧರ ಆರೈಕೆ ಕೇಂದ್ರವೊಂದರಲ್ಲಿ ಮರಿಯಾ ಫಿಯಟರೋನ್ ಅನ್ನುವ ವೈದ್ಯೆ 90ರ ಆಸುಪಾಸಿನ ಹತ್ತು ಮಂದಿಗೆ ಭಾರ ಎತ್ತಿಸಿದರು. ಎಂಟೇ ವಾರ. ಕಾಲಿನ ಬಲ ಸರಾಸರಿ ಶೇ 174 ಹೆಚ್ಚಿತು, ಅಂದರೆ ಎರಡೂವರೆ ಪಟ್ಟಿಗೂ ಮೇಲೆ. ತೊಡೆಯ ಸ್ನಾಯುವಿನ ಗಾತ್ರ ಏರಿದ್ದು ಶೇ 9 ಮಾತ್ರ. ಮೊದಮೊದಲು ಬಲ ಬರುವುದು ನರಗಳು ಇರುವ ಸ್ನಾಯುವನ್ನೇ ಚೆನ್ನಾಗಿ ಬಳಸಿಕೊಳ್ಳಲು ಕಲಿಯುವುದರಿಂದ. ಅದಕ್ಕೇ "ಇನ್ನು ನನ್ನ ವಯಸ್ಸಲ್ಲಿ ಮೈ ಎಲ್ಲಿ ಬೆಳೆಯುತ್ತೆ" ಅನ್ನುವವರಿಗೂ ತಿಂಗಳೊಳಗೆ ಫಲ ಕಾಣುತ್ತದೆ. ನಾಲ್ಕು ವರ್ಷದ ನಂತರ ಅದೇ ತಂಡ 100 ಮಂದಿಯ ಮೇಲೆ ಮತ್ತೆ ಪರೀಕ್ಷಿಸಿತು. ವ್ಯಾಯಾಮವಿಲ್ಲದೆ ಬರೀ ಪೌಷ್ಟಿಕ ಪಾನೀಯ ಕುಡಿದವರಿಗೆ ಬಲ ಬರಲೇ ಇಲ್ಲ. ಡಬ್ಬಿಗಟ್ಟಲೆ ಪುಡಿ ತರುವ ಮಕ್ಕಳಿಗೆ ನಾನು ಇದನ್ನೇ ಹೇಳುವುದು.

ನಿವೃತ್ತ ಗಣಿತ ಮೇಷ್ಟ್ರು

174ರ ಲೆಕ್ಕ ಒಪ್ಪಿದೆ. ಹತ್ತೇ ಮಂದಿ ಅನ್ನುವುದನ್ನೂ ಬರೆದುಕೊಂಡಿದ್ದೇನೆ.

ಯೋಗಮಂದಿರ

ಬೆಂಗಳೂರಿನಲ್ಲಿ ಹಿರಿಯರಿಗೆ ಯೋಗ ಕಲಿಸುತ್ತೇನೆ. ಎಲ್ಲರೂ ಕಬ್ಬಿಣದ ಹಿಂದೆ ಬಿದ್ದಿರುವುದು ನೋಡಿ ಬೇಸರವಾಯಿತು. ಕೋಲಾರ ಜಿಲ್ಲೆಯ ಬೆಳ್ಳೂರಿನಲ್ಲಿ 1918ರಲ್ಲಿ ಹುಟ್ಟಿದ ಬಿ.ಕೆ.ಎಸ್. ಅಯ್ಯಂಗಾರರು ತೊಂಬತ್ತು ದಾಟಿದ ಮೇಲೂ ಅಭ್ಯಾಸ ಬಿಡಲಿಲ್ಲ. ಕುರ್ಚಿ, ಹಗ್ಗ, ಪಟ್ಟಿ, ಇಟ್ಟಿಗೆ ಬಳಸಿ ಕಾಯಿಲೆಯವರೂ ಆಸನ ಮಾಡುವಂತೆ ಮಾಡಿದರು. ವೀರಭದ್ರಾಸನ, ಉತ್ಕಟಾಸನದಲ್ಲಿ ನಿಂತು ನೋಡಿ, ತೊಡೆಗೆ ಕೆಲಸ ಎಷ್ಟು ಬೀಳುತ್ತದೆ ಅಂತ. ಸ್ವಂತ ಮೈಭಾರವೂ ಭಾರವೇ ಅಲ್ಲವೇ?

ತುಂಗಾತೀರದ ಫಿಸಿಯೋ

ಮೇಡಂ, ನಿಂತು ಮಾಡುವ ಆಸನಗಳ ಬಗ್ಗೆ ನನ್ನ ತಕರಾರಿಲ್ಲ. ಸಮತೋಲಕ್ಕೆ ವೃಕ್ಷಾಸನಕ್ಕಿಂತ ಸುಲಭದ ಉಪಾಯ ನನಗೂ ಗೊತ್ತಿಲ್ಲ. ಎರಡು ಮಾತು ಮಾತ್ರ. ಒಂದು, ಉತ್ಕಟಾಸನ ಸಲೀಸಾದ ಮೇಲೆ ಮುಂದೇನು? ಮೈಭಾರ ಅಷ್ಟೇ ಇರುತ್ತದೆ, ಮೈ ಅದಕ್ಕೆ ಒಗ್ಗಿಹೋಗುತ್ತದೆ. ಅಲ್ಲಿಂದಾಚೆ ಕೈಯಲ್ಲಿ ಏನಾದರೂ ಹಿಡಿಸಲೇಬೇಕು.

ಎರಡನೆಯದು ಅಪಾಯದ್ದು. 1984ರಲ್ಲಿ ಮೇಯೋ ಕ್ಲಿನಿಕ್‌ನವರು ಬೆನ್ನುಮೂಳೆ ಟೊಳ್ಳಾಗಿದ್ದ 59 ಹೆಂಗಸರನ್ನು ಗಮನಿಸಿದ್ದರು. ಮುಂದಕ್ಕೆ ಬಾಗುವ ವ್ಯಾಯಾಮ ಮಾಡಿದವರಲ್ಲಿ ಶೇ 89 ಮಂದಿಗೆ ಹೊಸದಾಗಿ ಬೆನ್ನೆಲುಬು ಕುಸಿದಿತ್ತು. ಹಿಂದಕ್ಕೆ ಬಾಗುವ ವ್ಯಾಯಾಮ ಮಾಡಿದವರಲ್ಲಿ ಶೇ 16 ಮಾತ್ರ. ಟಿ-ಸ್ಕೋರ್ ಕೇಳದೆ ಎಪ್ಪತ್ತರ ಅಜ್ಜಿಗೆ ಮುಂದಕ್ಕೆ ಬಗ್ಗಿಸುವ ಪಶ್ಚಿಮೋತ್ತಾನಾಸನ, ಹಲಾಸನ ಮಾಡಿಸುವ ತರಗತಿಗಳನ್ನು ನಾನೇ ನೋಡಿದ್ದೇನೆ.

ಯೋಗಮಂದಿರ

ಆ 59 ಮಂದಿ ನಾಲ್ಕು ಗುಂಪಾಗಿ ಹಂಚಿಹೋಗಿದ್ದವರು, ಕೆಲವು ಗುಂಪಲ್ಲಿ ಹತ್ತು ಜನವೂ ಇರಲಿಲ್ಲ. ಅಷ್ಟನ್ನೇ ಹಿಡಿದು ಯೋಗವನ್ನು ದೂರುವುದು ಸರಿಯಲ್ಲ. ಆದರೆ ಮೂಳೆ ಟೊಳ್ಳಾಗಿದ್ದವರಿಗೆ ನಾನೂ ಮುಂದಕ್ಕೆ ಬಗ್ಗಿಸುವುದಿಲ್ಲ, ತಿರುಚುವ ಆಸನವನ್ನೂ ಕೊಡುವುದಿಲ್ಲ. ಕೊಡುವುದು ಹಿಂದಕ್ಕೆ ಬಾಗುವ ಭುಜಂಗಾಸನ, ಶಲಭಾಸನ, ಮತ್ತೆ ಗೋಡೆಯ ಆಸರೆಯಲ್ಲಿ ನಿಲ್ಲುವ ಆಸನಗಳು. ಸೇರುವಾಗಲೇ ರಿಪೋರ್ಟ್ ಕೇಳುತ್ತೇನೆ. ಕೇಳದವರು ಇದ್ದಾರೆ ಅನ್ನುವುದನ್ನು ಒಪ್ಪುತ್ತೇನೆ.

ಚಾಮುಂಡಿ ಮೆಟ್ಟಿಲು

ಎಲ್ಲ ಸರಿ, ಮಂಡಿ ಸವೆದಿದೆ ಅಂತ ಅವರೇ ಬರೆದಿದ್ದಾರಲ್ಲ. ಸವೆದ ಕೀಲಿನ ಮೇಲೆ ಇನ್ನೂ ಭಾರ ಹೇರಿದ್ರೆ ಇನ್ನೂ ಸವೆಯಲ್ವಾ? ಇಷ್ಟು ಸರಳ ವಿಷಯ.

ತುಂಗಾತೀರದ ಫಿಸಿಯೋ

ಕೇಳಲು ಸರಳ, ಆದರೆ ಕೀಲಿಗೆ ಜೀವವಿದೆ, ತನ್ನನ್ನು ತಾನು ದುರಸ್ತಿ ಮಾಡಿಕೊಳ್ಳುತ್ತಲೂ ಇರುತ್ತದೆ. ಓಟಗಾರರನ್ನೇ ತೆಗೆದುಕೊಳ್ಳಿ. ಹಲವು ಅಧ್ಯಯನಗಳನ್ನು ಒಟ್ಟುಗೂಡಿಸಿ 2017ರಲ್ಲಿ ನೋಡಿದಾಗ, ಹವ್ಯಾಸಕ್ಕೆ ಓಡುವವರಲ್ಲಿ ಸೊಂಟ, ಮಂಡಿಯ ಸವೆತ ಶೇ 3.5. ಓಡದೆ ಕೂತವರಲ್ಲಿ ಶೇ 10.2. ಸ್ಪರ್ಧೆಗಾಗಿ ಓಡುವವರಲ್ಲಿ ಶೇ 13.3. ಮಂಡಿ ನೋವಿದ್ದವರು ಮೊದಲೇ ಓಟ ಬಿಟ್ಟು ಕೂತವರ ಸಾಲಿಗೆ ಸೇರಿರಬಹುದು, ಅದನ್ನೂ ಲೆಕ್ಕಕ್ಕೆ ಇಟ್ಟುಕೊಳ್ಳಿ. ಆದರೂ "ಬಳಸಿದಷ್ಟೂ ಸವೆಯುತ್ತದೆ" ಅನ್ನುವ ಮಾತು ಇಲ್ಲಿ ನಿಲ್ಲುವುದಿಲ್ಲ.

ಸವೆತ ಆಗಲೇ ಶುರುವಾದವರಿಗೂ ತೊಡೆಯ ಮುಂಭಾಗದ ಸ್ನಾಯು ಗಟ್ಟಿಯಾದರೆ ನೋವು ಇಳಿಯುತ್ತದೆ. ಡೆನ್ಮಾರ್ಕ್‌ನಲ್ಲಿ 2013ರಿಂದ ಗ್ಲಾಡ್ ಅನ್ನುವ ಕಾರ್ಯಕ್ರಮವಿದೆ: ಮಂಡಿ, ಸೊಂಟದ ಸವೆತ ಇದ್ದವರಿಗೆ ಎರಡು ತರಗತಿಯ ತಿಳಿವಳಿಕೆ, ಆಮೇಲೆ ವಾರಕ್ಕೆರಡರಂತೆ 12 ವ್ಯಾಯಾಮ ತರಗತಿ. ಅಲ್ಲಿನ ನೋವಿನ ಲೆಕ್ಕ ನನಗೆ ಬಹಳ ಇಷ್ಟ. ಸೊನ್ನೆಯಿಂದ ಹತ್ತರವರೆಗೆ ನೋವಿಗೆ ಅಂಕ ಕೊಡಿ. ಐದರವರೆಗೆ ಇದ್ದರೆ ಮುಂದುವರಿಸಬಹುದು, ಮಾರನೇ ದಿನದ ಹೊತ್ತಿಗೆ ಮೊದಲಿನ ಮಟ್ಟಕ್ಕೆ ಇಳಿದಿರಬೇಕು. ಇಳಿಯದಿದ್ದರೆ ಮುಂದಿನ ಸಲ ಭಾರ ಕಡಿಮೆ. ನೋವು ಬಂತು ಅಂತ ನಿಲ್ಲಿಸುವುದಿಲ್ಲ. ಮಂಡಿ ಊದಿಕೊಂಡು ಬಿಸಿಯಾಗಿದ್ದರೆ, ಸಿಕ್ಕಿಹಾಕಿಕೊಂಡರೆ, ರಾತ್ರಿ ನಿದ್ದೆಗೆಡಿಸಿದರೆ ಮಾತ್ರ ಮೊದಲು ಡಾಕ್ಟರ್.

ರಾಗಿಮುದ್ದೆ

ಮಂಡ್ಯದವನು, ಮುದ್ದೆ ಪರವಾಗಿ ಒಂದು ಮಾತು. ರಾಗಿಯಲ್ಲಿ ಕ್ಯಾಲ್ಸಿಯಂ ಜಾಸ್ತಿ, 100 ಗ್ರಾಮಿಗೆ 340 ಮಿಲಿಗ್ರಾಮ್ ಮೇಲೆ. ಇದು ತಿನ್ನೋರಿಗೆ ಮೂಳೆ ಚಿಂತೆ ಯಾಕೆ?

ಇನ್ನೊಂದು, 2006ರ ಚಿಕೂನ್‌ಗುನ್ಯಾ ಹಾವಳಿಯಲ್ಲಿ ನಮ್ಮಪ್ಪ ಹಾಸಿಗೆ ಹಿಡಿದವ್ರು. ಗಂಟು ನೋವು ಹೋದ್ಮೇಲೂ ಮೊದಲಿನ ಹಂಗೆ ಗದ್ದೆಗೆ ಇಳೀಲಿಲ್ಲ. ಜ್ವರದ ವಿಷ ಮೈಯಲ್ಲಿ ಉಳ್ಕತ್ತು ಅಂತ ಎಲ್ಲ ಅಂದ್ರು.

ತುಂಗಾತೀರದ ಫಿಸಿಯೋ

ಚಿಕೂನ್‌ಗುನ್ಯಾ ಕೀಲು ನೋವು ಕೆಲವರಿಗೆ ವರ್ಷಗಟ್ಟಲೆ ಕಾಡುವುದು ನಿಜ. ಆದರೆ ಹಾಸಿಗೆಯ ಪಾಲನ್ನು ಮರೆಯಬೇಡಿ. 2007ರಲ್ಲಿ ಅಮೆರಿಕದಲ್ಲಿ 12 ಮಂದಿ ಆರೋಗ್ಯವಂತ ಹಿರಿಯರನ್ನು ಹತ್ತು ದಿನ ಹಾಸಿಗೆಯಲ್ಲೇ ಮಲಗಿಸಿ ನೋಡಿದರು. ಕಾಯಿಲೆ ಇಲ್ಲ, ಜ್ವರ ಇಲ್ಲ, ಊಟ ಸರಿಯಾಗಿಯೇ ಇತ್ತು. ಬರೀ ಕಾಲುಗಳಿಂದಲೇ ಹತ್ತಿರ ಹತ್ತಿರ ಒಂದು ಕಿಲೋ ಸ್ನಾಯು ಕರಗಿತ್ತು. ಯುವಕರಾದರೆ ಮತ್ತೆ ಓಡಾಡಿ ಗಳಿಸಿಕೊಳ್ಳುತ್ತಾರೆ, ಹಿರಿಯರಿಗೆ ತಾನಾಗಿ ಮರಳುವುದಿಲ್ಲ. ಜ್ವರ ಬಿಟ್ಟ ಕೂಡಲೇ ಮಂಚದ ಅಂಚಿಗೆ ಕೂರಿಸಿ, ನಿಲ್ಲಿಸಿ, ನಾಲ್ಕು ಹೆಜ್ಜೆ ನಡೆಸಬೇಕು. "ಪಾಪ, ಮಲಗಲಿ ಬಿಡಿ" ಅನ್ನುವ ಪ್ರೀತಿಯಿಂದಲೇ ನಮ್ಮಲ್ಲಿ ಎಷ್ಟೋ ಹಿರಿಯರು ಹಾಸಿಗೆಗೆ ಅಂಟಿಹೋಗುತ್ತಾರೆ.

ರಾಗಿ ಬಗ್ಗೆ ಒಪ್ಪಿದೆ. ಆದರೆ ಸ್ನಾಯುವಿಗೆ ಬೇಕಾದ ಪ್ರೋಟೀನು ರಾಗಿಯಲ್ಲಿ 100 ಗ್ರಾಮಿಗೆ 7 ಗ್ರಾಮಿನಷ್ಟೇ. ಹಿರಿಯರಿಗೆ ಮೈತೂಕದ ಕಿಲೋಗೆ 1ರಿಂದ 1.2 ಗ್ರಾಮ್ ಬೇಕು ಅಂತ ತಜ್ಞರ ಸಲಹೆ, ಅಂದರೆ 60 ಕಿಲೋ ಇದ್ದರೆ ದಿನಕ್ಕೆ 60ರಿಂದ 72 ಗ್ರಾಮ್. ನಮ್ಮ ಹೆಂಗಸರು ಎಲ್ಲರಿಗೂ ಬಡಿಸಿ ಕೊನೆಗೆ ಅನ್ನಕ್ಕೆ ತಿಳಿಸಾರು ಹಾಕಿಕೊಂಡು ಏಳುತ್ತಾರೆ. ಅದರಲ್ಲಿ ಎಲ್ಲಿಂದ ಬರಬೇಕು? ಬೇಳೆ ಗಟ್ಟಿಯಾಗಿರಲಿ, ಹುರುಳಿ, ಹೆಸರುಕಾಳು, ಹಾಲು, ಮೊಸರು, ತಿನ್ನುವವರಾದರೆ ಮೊಟ್ಟೆ, ಮೀನು. ಕಿಡ್ನಿ ತೊಂದರೆ ಇರುವವರು ಡಾಕ್ಟರನ್ನು ಕೇಳದೆ ಹೆಚ್ಚಿಸಬೇಡಿ.

ಬೆಣ್ಣೆನಗರಿ

ಓದಿ ಓದಿ ತಲೆ ತುಂಬಿತು. ಅಮ್ಮ ಜಿಮ್‌ಗೆ ಬರುವವರಲ್ಲ. "ಸೀರೆ ಉಟ್ಕೊಂಡು ಹುಡುಗರ ಮಧ್ಯೆ ಹೋಗ್ಲಾ" ಅನ್ನುತ್ತಾರೆ. ಹೋದರೂ ಇಲ್ಲಿನವರು ವಯಸ್ಸಾದವರನ್ನು ನೋಡಿದ ಕೂಡಲೇ ಟ್ರೆಡ್‌ಮಿಲ್ ಹತ್ತಿಸಿಬಿಡುತ್ತಾರೆ. ಮನೆಯಲ್ಲೇ ಏನು ಮಾಡಿಸಲಿ?

ತುಂಗಾತೀರದ ಫಿಸಿಯೋ

ಮೊದಲ ಎರಡು ಮೂರು ಸಲ ಹತ್ತಿರದ ಫಿಸಿಯೋ ಎದುರಿಗೆ ಮಾಡಿಸಿ, ಭಂಗಿ ನೋಡಿಸಿಕೊಳ್ಳಿ. ಆಮೇಲೆ ಮನೆ ಸಾಕು. ವಾರಕ್ಕೆ ಎರಡು ಮೂರು ದಿನ, ನಡುವೆ ಒಂದು ದಿನ ಬಿಡುವು.

ಶುರು ಕುರ್ಚಿಯಿಂದಲೇ. ಎತ್ತರ ಸಾಲದಿದ್ದರೆ ದಿಂಬು ಹಾಕಿ. ಕೈ ಬಳಸದೆ ಹತ್ತು ಸಲ ಏಳಬಲ್ಲರು ಅಂತಾದ ಮೇಲೆ ದಿಂಬು ತೆಗೆಯಿರಿ. ಅದೂ ಸಲೀಸಾದರೆ ಬಟ್ಟೆಯ ಕೈಚೀಲದಲ್ಲಿ ಒಂದು ಕಿಲೋ ಅಕ್ಕಿ ಹಾಕಿ ಎದೆಗೆ ಅಪ್ಪಿಕೊಂಡು ಏಳಲಿ. ನಂತರ ಎರಡು, ಮೂರು. ಕೊನೆಯ ಎರಡು ಸಲ ಕಷ್ಟವಾಗಬೇಕು. ಹದಿನೈದು ಸಲ ಮಾತಾಡಿಕೊಂಡು ಎದ್ದರೆ ಭಾರ ಸಾಲದು ಅಂತ ಅರ್ಥ. ಏಳುವಾಗ ಬೇಗ, ಕೂರುವಾಗ ನಿಧಾನ. ಮೊದಲು ಹೇಳಿದ ವೇಗದ ತಂತುಗಳಿಗೆ ಕೆಲಸ ಬೀಳುವುದು ಬೇಗ ಏಳುವುದರಲ್ಲಿ.

ಅಡುಗೆ ಕಟ್ಟೆ ಹಿಡಿದು ಹಿಮ್ಮಡಿ ಎತ್ತಿ ತುದಿಗಾಲಲ್ಲಿ ನಿಲ್ಲುವುದು, ಹಾಲು ಕಾಯುವ ಹೊತ್ತಿಗೆ ಒಂಟಿ ಕಾಲಲ್ಲಿ ನಿಲ್ಲುವುದು. ಜಗಲಿಯ ಮೆಟ್ಟಿಲೊಂದನ್ನು ಹತ್ತಿ ಇಳಿಯುವುದು, ಮಂಡಿ ನೋವಿದ್ದರೆ ಗಿಡ್ಡ ಮೆಟ್ಟಿಲು. ನೆಲದಿಂದ ಭಾರ ಎತ್ತುವ ಅಭ್ಯಾಸವೂ ಬೇಕು: ಪಾದ ಅಗಲಿಸಿ, ಪೃಷ್ಠವನ್ನು ಹಿಂದಕ್ಕೆ ತಳ್ಳಿ, ಬೆನ್ನು ಗೂನಾಗದಂತೆ ಬಾಗಿ, ಚೀಲವನ್ನು ಮೈಗೆ ಹತ್ತಿರ ಹಿಡಿದು ಏಳುವುದು. "ಕೊಡ ಎತ್ತಬೇಡ" ಅನ್ನುವ ಬದಲು ಹೀಗೆ ಎತ್ತಲು ಕಲಿಸಿ. ಜಿಗಿಯುವುದು ಈಗ ಬೇಡ.

ಗರಡಿಮನಿ ಹುಡುಗ

ಅವ್ವಾರಿಗೆ ಒಂದು ಮಾತು ಹೇಳ್ರಿ: ಮೊದಲ ವಾರ ತೊಡಿ ಹಿಡಕೋತಾವು, ಪಾವಟಿಗಿ ಇಳಿಯೂ ಮುಂದ ಬೈಗುಳ ಬರತಾವು. ಹೆದರೂದು ಬ್ಯಾಡ. ಎರಡು ಮೂರು ದಿನಕ್ಕ ಬಿಡತೈತಿ.

ನಿವೃತ್ತ ಗಣಿತ ಮೇಷ್ಟ್ರು

ಎಲ್ಲರ ಪ್ರಶ್ನೆ ಮುಗಿದಿದ್ದರೆ ನನ್ನದೊಂದು. ವಯಸ್ಸು 78. ಬಿಪಿ ಮಾತ್ರೆ ನುಂಗುತ್ತೇನೆ. ನಿನ್ನೆ ಬಾಗಿಲು ಹಾಕಿಕೊಂಡು ಕುರ್ಚಿ ಪರೀಕ್ಷೆ ಮಾಡಿಕೊಂಡೆ. ಎಷ್ಟು ಸೆಕೆಂಡು ಅಂತ ಇಲ್ಲಿ ಬರೆಯುವುದಿಲ್ಲ. ಏಳುವಾಗ ಬಿಗಿಯಾಗಿ ಉಸಿರು ಹಿಡಿದಿದ್ದೆ, ಕಣ್ಣು ಕತ್ತಲೆ ಬಂದಂತಾಯಿತು. ನನ್ನಂಥವರಿಗೆ ಇದು ಸಲ್ಲದೇ?

ತುಂಗಾತೀರದ ಫಿಸಿಯೋ

ಕಣ್ಣು ಕತ್ತಲೆ ಬಂದಿದ್ದನ್ನು ಮೊದಲು ನಿಮ್ಮ ಡಾಕ್ಟರಿಗೆ ಹೇಳಿ ಸರ್. ಕೂತು ಎದ್ದಾಗ ಬಿಪಿ ಇಳಿಯುತ್ತದೆಯೇ ಅಂತ ಅವರು ಅಳೆದು ನೋಡಲಿ, ಮಾತ್ರೆಯ ಪ್ರಮಾಣದ್ದೂ ಇರಬಹುದು. ಹತೋಟಿಯಲ್ಲಿರುವ ಬಿಪಿಯವರು ಮಾಡಬಾರದು ಅಂತೇನೂ ಇಲ್ಲ. ಉಸಿರು ಕಟ್ಟಿ ಮುಕ್ಕರಿದರೆ ಒತ್ತಡ ಒಮ್ಮೆಲೇ ಏರಿ ಆಮೇಲೆ ಥಟ್ಟನೆ ಇಳಿಯುತ್ತದೆ, ಅದನ್ನು ತಪ್ಪಿಸಬೇಕು. ಏಳುವಾಗ ಉಸಿರು ಬಿಡಿ, ಕೂರುವಾಗ ತೆಗೆದುಕೊಳ್ಳಿ. ಅದು ನೆನಪಿರದಿದ್ದರೆ ಗಟ್ಟಿಯಾಗಿ ಬಾಯಲ್ಲಿ ಎಣಿಸುತ್ತ ಏಳಿ, ಎಣಿಸುವವರಿಗೆ ಉಸಿರು ಕಟ್ಟಲು ಆಗುವುದಿಲ್ಲ. ಮತ್ತೆ, ಬಾಗಿಲು ಹಾಕಿಕೊಳ್ಳಬೇಡಿ. ಮನೆಯಲ್ಲಿ ಯಾರಾದರೂ ಪಕ್ಕದಲ್ಲಿರಲಿ.

ನಿವೃತ್ತ ಗಣಿತ ಮೇಷ್ಟ್ರು

ಮನೆಯವರಿಗೆ ಹೇಳಿದೆ. ಮಗ್ಗಿ ಹೇಳುತ್ತ ಏಳಿ ಅಂದಳು.